ಲಲಿತಾಬಾಯಿಯ ಬ್ಲಾಕು

ಮಾನ್ವಿ
೧೮ ನವೆಂಬರ್ ೨೦೨೫, ಮಂಗಳವಾರ

ನನ್ನ ಜಗಳಗಂಟಿ ಮಗಳು ದೇವಿಕಾಗೆ, ನಿನ್ನ ಅವ್ವನ ಆಶೀರ್ವಾದ.

ಮೊನ್ನೆ ಫೋನಿನಲ್ಲಿ ನೀನು ಅತ್ತೆ, ನಾನು ನಕ್ಕೆ. ನಿನಗೆ ಸಿಟ್ಟು ಬಂದು ಫೋನ್ ಇಟ್ಟುಬಿಟ್ಟೆ. ಮತ್ತೆ ಮಾತಾಡಿದರೆ ನಡುವೆ ಬಾಯಿ ಹಾಕುತ್ತೀ, ಅದಕ್ಕೇ ಕಾಗದ ಬರೆಯುತ್ತಿದ್ದೇನೆ. ನಾಟಕದ ಮಾತು ಬಾಯಿಪಾಠ ಮಾಡುತ್ತಾ ಅಕ್ಷರ ಕಲಿತವಳು ನಾನು. ಭಾಷೆ ಸ್ವಲ್ಪ ಠೀವಿಯಿಂದ ಬಂದರೆ ನಗಬೇಡ.

ನಿನ್ನ ತಕರಾರು ನನಗೆ ತಿಳಿದಷ್ಟು ಹೀಗಿದೆ. ರಾಯಚೂರಿನ ನಿಮ್ಮ ಕಾಲೇಜಿನ ಜಗದೀಶ ಸರ್ ಅಂತರ್ಜಾಲದ ವಿಶ್ವಕೋಶದಲ್ಲಿ ನಮ್ಮ ನಾಟಕ ಕಂಪನಿಯ ನಾಯಕಿ ಲಲಿತಾಬಾಯಿಯ ಬಗ್ಗೆ ಒಂದು ಪುಟ ಬರೆದಿದ್ದಾರೆ. ಕಂಪನಿಯಲ್ಲಿ ನನ್ನ ಹೆಸರು ಅದೇ ತಾನೆ. ಜೊತೆಗೆ ಒಂದು ಫೋಟೋ ಹಾಕಿದ್ದಾರೆ, ನಮ್ಮ ಪಡಸಾಲೆಯ ಗೋಡೆಯ ಮೇಲೆ ಇರುವುದೇ ಅದು. ತೆಗೆದವರು ಜಿಲಾನಿ ಪಾಷಾ, ಹಕ್ಕು ಅವರದು. ಅವರು ತೀರಿಕೊಂಡಿದ್ದಾರೆ, ಮಕ್ಕಳು ಎಲ್ಲಿದ್ದಾರೋ ಯಾರಿಗೂ ಗೊತ್ತಿಲ್ಲ. ಆದರೂ ಜನರ ತಿಳಿವಳಿಕೆಗಾಗಿ, ತೆಗೆದವರ ಹೆಸರು ಹೇಳಿ, ಸಣ್ಣ ಅಳತೆಯಲ್ಲಿ ಹಾಕಿದರೆ ನಡೆಯುತ್ತದಂತೆ. ಅದಕ್ಕೆ ನ್ಯಾಯಯುತ ಬಳಕೆ ಎನ್ನುತ್ತಾರೆ ಎಂದು ನೀನೇ ಹೇಳಿದೆ. ಆದರೆ ಆ ವ್ಯಕ್ತಿಯ ಬೇರೆ ಚಿತ್ರ ಸಿಗುವ ದಾರಿಯೇ ಇರಬಾರದು. ಬದುಕಿದ್ದರೆ ಹೋಗಿ ಹೊಸದೊಂದು ತೆಗೆದುಕೊಂಡು ಬನ್ನಿ, ಇನ್ನೊಬ್ಬರದು ಯಾಕೆ ಬೇಕು ಎಂದು ಕೇಳುತ್ತಾರೆ. ಒಳ್ಳೆಯ ಕಾನೂನೇ, ನನಗೇನೂ ಬೇಸರವಿಲ್ಲ.

ಜಗದೀಶ ಸರ್ ನಾನು ಸತ್ತಿದ್ದೇನೆಂದು ತಿಳಿದು ದಿವಂಗತ ಎಂದು ಬರೆದರು. ನೀನು ಅದನ್ನು ನೋಡಿ ಹೌಹಾರಿ, ನಮ್ಮವ್ವ ಮಾನ್ವಿಯಲ್ಲಿ ರೊಟ್ಟಿ ತಟ್ಟುತ್ತಿದ್ದಾಳೆ ಎಂದು ಅವರಿಗೆ ಹೇಳಿಬಿಟ್ಟೆ. ಈಗ ಈ ವಾರದೊಳಗೆ ಫೋಟೋ ತೆಗೆದುಹಾಕುತ್ತಾರೆ. ಅದಕ್ಕೆ ನಾನು, ‘ಸತ್ತಾಳ ಅಂತನ ಇರ್ಲಿ ಬಿಡು, ಫೋಟೋ ಉಳೀಲಿ’ ಎಂದೆ. ನೀನು, ‘ಯವ್ವಾ, ಹರೇದಾಗಿನ ಚಂದಕ್ಕ ಜೀವಂತ ಸಾಯ್ತಿ ಏನ್ಬೇ?’ ಎಂದು ಅತ್ತೆ. ನನಗೆ ಚಂದದ ಹುಚ್ಚು ಇರುವುದು ನಿಜ, ಈಗಲೂ ಇದೆ. ಆದರೆ ಅಂದು ಹಾಗೆ ಹೇಳಿದ್ದು ಆ ಹುಚ್ಚಿಗಲ್ಲ.

ಆ ಫೋಟೋ ತೆಗೆದದ್ದು ೧೯೭೮ರಲ್ಲಿ, ದೇವದುರ್ಗದ ಕ್ಯಾಂಪಿನಲ್ಲಿ. ಹತ್ತಿ ಬಿಡಿಸಿ ಮುಗಿದ ಕಾಲ, ಜನರ ಕೈಯಲ್ಲಿ ನಾಲ್ಕು ಕಾಸು ಓಡಾಡುತ್ತಿತ್ತು. ನಮ್ಮ ತಗಡಿನ ಥೇಟರು ದಿನಾ ತುಂಬುತ್ತಿತ್ತು. ಪಾಷಾ ಕ್ಯಾಮೆರಾವನ್ನು ಕಂಬಳಿಯಲ್ಲಿ ಸುತ್ತಿಕೊಂಡು ರಾಯಚೂರಿನಿಂದ ಬಸ್ಸಿನಲ್ಲಿ ಬಂದರು. ಥೇಟರಿನ ಹಿಂದೆ ಬೇವಿನ ಗಿಡದ ಕೆಳಗೆ ಕುರ್ಚಿ ಹಾಕಿಸಿದರು. ಮುಖದ ಮೇಲೆ ಬೆಳಕು ಬೀಳಲೆಂದು ಒಬ್ಬಳ ಕೈಗೆ ಬಿಳಿ ಚಾದರ ಕೊಟ್ಟು ಬಿಸಿಲಿಗೆ ನಿಲ್ಲಿಸಿದರು. ‘ಏ ಹುಡುಗಿ, ಚಾದರ ಅಳ್ಳಾಡಸಬ್ಯಾಡ. ಬಾಯೀ, ನೀವು ಜರಾ ನಗ್ರೀ’ ಎಂದರು. ಕುರ್ಚಿಯಲ್ಲಿದ್ದವಳಿಗೆ ನಗು ಬರಲೇ ಇಲ್ಲ. ಆಗ ಚಾದರ ಹಿಡಿದವಳು ಮೂಗು ಅರಳಿಸಿ, ಹೊಟ್ಟೆ ಮುಂದೆ ಮಾಡಿ ನಮ್ಮ ಮಾಲಕರು ಬೈಯುವ ಹಾಗೆ ನಟಿಸಿದಳು. ಫೋಟೋದಲ್ಲಿರುವ ಆ ನಗು ಹಾಗೆ ಬಂದದ್ದು.

ಚಾದರ ಹಿಡಿದವಳು ನಾನು, ದೇವಿಕಾ.

ಕುರ್ಚಿಯಲ್ಲಿ ಕೂತವಳು ಹೊಳೆದಂಡೆಯ ಗೂಗಲ್ ಎಂಬ ಹಳ್ಳಿಯ ಸುಮಂಗಲಾ. ಮೊದಲ ಲಲಿತಾಬಾಯಿ ಅವಳೇ. ನಾನು ಆಗ ಅವಳ ಜಡೆ ಹಾಕುತ್ತಾ, ಗುಂಪಿನಲ್ಲಿ ನಿಂತು ಹಾಡುತ್ತಾ ಇದ್ದೆ. ಒಂದೇ ತಾಟಿನಲ್ಲಿ ಉಣ್ಣುತ್ತಿದ್ದೆವು, ಒಂದೇ ಚಾಪೆಯಲ್ಲಿ ಮಲಗುತ್ತಿದ್ದೆವು. ನನಗೆ ಅಕ್ಷರ ಕಲಿಸಿದವಳೂ ಅವಳೇ. ನದಿ ದಂಡೆಯ ಹುಡುಗಿಯಾಗಿದ್ದೂ ನೀರಿಗೆ ಹೆದರುತ್ತಿದ್ದಳು, ಅದಕ್ಕೆ ನಾನು ಬಹಳ ಕಾಡುತ್ತಿದ್ದೆ. ಮರುವರ್ಷ ಕವಿತಾಳದ ಕ್ಯಾಂಪಿನಲ್ಲಿ ಅವಳಿಗೆ ಕಾಮಾಲೆ ಬಂತು. ಹಳದಿ ಕಣ್ಣಿಗೆ ಕಾಡಿಗೆ ಹಚ್ಚಿಕೊಂಡು ರಂಗಕ್ಕೆ ಹೋಗುತ್ತಿದ್ದಳು. ರಾಯಚೂರಿನ ಆಸ್ಪತ್ರೆಗೆ ಒಯ್ಯುವಾಗ ದಾರಿಯಲ್ಲೇ ನನ್ನ ತೊಡೆಯ ಮೇಲೆ ಹೋದಳು.

ಆ ಕಾಲದಲ್ಲಿ ಕರಪತ್ರದ ಮೇಲೆ ಮುಖ ಅಚ್ಚಾಗಬೇಕಾದರೆ ಫೋಟೋದಿಂದ ಲೋಹದ ಬ್ಲಾಕು ಮಾಡಿಸಬೇಕಿತ್ತು, ಅದು ದುಬಾರಿ ಬಾಬತ್ತು. ನಮ್ಮ ಕಂಪನಿಯಲ್ಲಿ ನಾಯಕಿ ಬದಲಾದರೂ ಬ್ಲಾಕು ಬದಲಾಗುತ್ತಿರಲಿಲ್ಲ. ‘ಬ್ಲಾಕ್ ಅದ, ಹೆಸರದ. ನೀ ಬಂದು ನಿಂದ್ರು ಸಾಕು’ ಎಂದರು ಮಾಲಕರು. ನಿಂತೆ. ಬಣ್ಣ ಹಚ್ಚಿದ ಮುಖ, ದೂರದಲ್ಲಿ ಕೂತ ಜನ, ಯಾರು ಕೇಳುತ್ತಾರೆ? ಮದುವೆಯಾಗುವವರೆಗೂ ನಾನು ಅವಳ ಹೆಸರಿನಲ್ಲಿ ಹಾಡಿದೆ, ಅವಳ ಮುಖದ ಕರಪತ್ರ ಊರೂರಿಗೆ ಹಂಚಿದರು. ಚಪ್ಪಾಳೆ ಬಿದ್ದಾಗಲೆಲ್ಲ ಅರ್ಧ ಅವಳಿಗೆ ಎಂದು ಮನಸ್ಸಿನಲ್ಲೇ ಹೇಳಿಕೊಳ್ಳುತ್ತಿದ್ದೆ.

ಹೀಗಾಗಿ ನೀನು ಸುಳ್ಳು ಬರೆಯಬೇಕಾಗಿಲ್ಲ. ಫೋಟೋದಲ್ಲಿರುವವಳು ಸತ್ತಿದ್ದಾಳೆ. ಅವಳ ಮನೆಯವರು ಯಾರೂ ಉಳಿದಿಲ್ಲ, ಅವಳ ಬೇರೊಂದು ಚಿತ್ರ ಎಲ್ಲೂ ಇಲ್ಲ. ನಾನು ಗೂಗಲ್ಲಿಗೇ ಹೋಗಿ ಕೇಳಿ ಬಂದಿದ್ದೇನೆ. ನನ್ನ ಮೇಲಿನ ಪ್ರೀತಿಗೆ ನೀನು ಅವಳನ್ನು ಅಳಿಸಲು ಹೊರಟಿದ್ದೀ. ಅದು ಬೇಡ, ಮಗಳೇ. ಜಗದೀಶ ಸರ್‌ಗೆ ಎಲ್ಲ ಹೇಳು. ಫೋಟೋದ ಕೆಳಗೆ ಸುಮಂಗಲಾ, ಗೂಗಲ್ ಎಂದು ಬರೆಸು. ಕಾನೂನು ಅಂಚೆಚೀಟಿಯಷ್ಟು ಜಾಗ ಕೊಟ್ಟರೂ ಸಾಕು, ಇರಲಿ ಅವಳು.

ನನಗಿರುವ ಅಂಜಿಕೆ ನಿನ್ನದೇ. ಸಣ್ಣವಳಿದ್ದಾಗ ನೀನು ಆ ಫೋಟೋದ ಮುಂದೆ ನಿಂತು, ‘ಯವ್ವಾ, ನನ್ ಮೂಗು ನಿನ್ನಂಗ ಅದ ಅಲ್ಲ?’ ಎಂದು ಕೇಳುತ್ತಿದ್ದೆ. ಹೌದು ಎನ್ನುತ್ತಿದ್ದೆ. ಅಷ್ಟು ಖುಷಿಯಲ್ಲಿ ಕೇಳುವ ಕೂಸಿಗೆ ಅಲ್ಲ ಎನ್ನಲು ನನಗೆ ಬಾಯಿ ಬರಲಿಲ್ಲ. ಈಗ ಸಿಟ್ಟು ಮಾಡು, ಬೈ. ಆದರೆ ಫೋನ್ ಮಾತ್ರ ಮಾಡುತ್ತಿರು.

ಇಂತು ನಿನ್ನ ಅವ್ವ,
ಯಮನಮ್ಮ

ತಾ.ಕ.: ಒಂದು ಮಾತು ಉಳಿಯಿತು. ಆ ಫೋಟೋವನ್ನು ಮನೆಗೆ ತಂದವಳು ನಾನಲ್ಲ. ಮದುವೆಯ ಹೊಸತರಲ್ಲಿ ನಿಮ್ಮಪ್ಪ ಪಾಷಾರ ಹತ್ತಿರ ಪ್ರತಿ ಕೇಳಿ, ಕಟ್ಟು ಹಾಕಿಸಿ, ತಾವೇ ಮೊಳೆ ಹೊಡೆದು ತೂಗುಹಾಕಿದರು. ದೇವದುರ್ಗದ ಕ್ಯಾಂಪಿನಲ್ಲಿ ದಿನಾ ಮುಂದಿನ ಸಾಲಿನಲ್ಲಿ ಕೂತು ನಾಟಕ ನೋಡಿದವರು ಅವರು. ಅದು ಯಾರ ಮುಖ ಎಂದು ಅವರಿಗೆ ಚೆನ್ನಾಗಿ ಗೊತ್ತಿತ್ತು. ಯಾರನ್ನು ನೋಡಲು ತಂದಿರಿ ಎಂದು ನಾನು ಕೇಳಲಿಲ್ಲ, ಅವರೂ ಕಣ್ಣು ಮುಚ್ಚುವವರೆಗೆ ಹೇಳಲಿಲ್ಲ. ಭಾನುವಾರ ಬಾ. ನನ್ನದೊಂದು ಫೋಟೋ ತೆಗಿ. ಆ ಗೋಡೆಯಲ್ಲಿ ಇನ್ನೊಂದು ಮೊಳೆಗೆ ಜಾಗ ಇದೆ.