ಜೋಡಿ ಗೂಡಿನ ಅರ್ಥ

ಹೊಂಗನೂರು,
ಶುಕ್ರವಾರ, ೧೫-೧೧-೨೦೧೯

ರಸೂಲಣ್ಣನವರಿಗೆ ಕಾವೇರಮ್ಮನ ನಮಸ್ಕಾರಗಳು.

ನಿಮ್ಮ ಕಾಗದ ಬಂದು ಮೂರು ತಿಂಗಳ ಮೇಲಾಯಿತು. ಬಂದ ದಿನವೇ ಓದಿದೆ, ಮತ್ತೆ ಮತ್ತೆ ಓದಿದೆ, ಉತ್ತರ ಮಾತ್ರ ಬರೆಯಲಿಲ್ಲ. ಮೊದಲು ರೇಷ್ಮೆ ಹುಳು ಹಣ್ಣಾಗಿ ಗೂಡಿಗೆ ಬರುವ ಸಮಯ, ಪುರುಸೊತ್ತಿಲ್ಲ ಅಂತ ನೆಪ ಹೇಳಿಕೊಂಡೆ. ಆಮೇಲೆ ಮಂಡಿನೋವು ಅಂದುಕೊಂಡೆ. ಮಂಡಿಗೂ ಕಾಗದ ಬರೆಯುವುದಕ್ಕೂ ಏನು ಸಂಬಂಧ ಅಂತ ನೀವು ಕೇಳಬಹುದು. ಪೆನ್ನು ಹಿಡಿದು ಕೂತರೆ 'ರಸೂಲಣ್ಣನವರಿಗೆ' ಅನ್ನುವಷ್ಟರಲ್ಲೇ ಕೈ ನಿಂತುಬಿಡುತ್ತಿತ್ತು. ನಲವತ್ತೊಂದು ವರ್ಷ ನಾನು ಆ ಹೆಸರನ್ನು ಬಾಯಲ್ಲೂ ಆಡಿದವಳಲ್ಲ. ತಡವಾದದ್ದಕ್ಕೆ ಬೇಜಾರು ಮಾಡಿಕೊಳ್ಳಬೇಡಿ.

ನಾನಿಲ್ಲಿ ಚೆನ್ನಾಗಿದ್ದೇನೆ. ಮಂಡಿ ಒಂದು ಬಿಟ್ಟರೆ ಮೈ ಇನ್ನೂ ಹೇಳಿದ ಮಾತು ಕೇಳುತ್ತದೆ. ಮಾಗಡಿಯಲ್ಲಿ ನಿಮ್ಮ ಕಣ್ಣಿನ ಪೊರೆ ತೆಗೆಸಿದ್ದನ್ನು ನಿಮ್ಮ ತಂಗಿಯ ಮಗಳು ವಜೀರಾ ಫೋನಿನಲ್ಲಿ ಹೇಳಿದಳು. "ಮಾಮು ಈಗ ಪೇಪರ್ ಪೂರ್ತಿ ಓದ್ತಾರೆ ಆಂಟಿ, ಓದಿ ಎಲ್ಲಾರ್ನೂ ಬೈತಾರೆ" ಅಂದಳು. ಕೇಳಿ ನಗು ಬಂತು. ನಿಮಗೆ ಕನ್ನಡ ಅಕ್ಷರ ತಿದ್ದಿಸಿದ್ದು ನಮ್ಮ ಮನೆಯವರು, ಮೇಷ್ಟ್ರೇ. ಈ ಕಾಗದವನ್ನು ನೀವೇ ಓದಿ, ವಜೀರಾಳ ಕೈಗೆ ಕೊಡಬೇಡಿ.

ನಮ್ಮ ಮೂವರ ಕಥೆಯ ಸಿನಿಮಾ ಹೇಗೆ ಬಂದಿದೆ ಅಂತ ಕೇಳಿದ್ದಿರಿ. ಹೋದ ಭಾನುವಾರ ಡೈರೆಕ್ಟರ್ ಮೇಡಂ ಕಾರು ಕಳಿಸಿ ಬೆಂಗಳೂರಿಗೆ ಕರೆಸಿಕೊಂಡು, ಒಂದು ಸಣ್ಣ ಕೋಣೆಯಲ್ಲಿ ನನ್ನೊಬ್ಬಳಿಗೇ ತೋರಿಸಿದರು. ಬಿಡದಿ ಫ್ಯಾಕ್ಟರಿಗಳ ಹತ್ತಿರ ಕಾರು ಅರ್ಧ ಗಂಟೆ ನಿಂತೇ ಇತ್ತು. ಹಾಗೇ ವಾಪಸ್ಸು ತಿರುಗಿಸು ಅಂತ ಡ್ರೈವರಿಗೆ ಹೇಳೋಣ ಅನ್ನಿಸಿತ್ತು, ಹೇಳಲಿಲ್ಲ.

ಮೇಷ್ಟ್ರ ಪಾತ್ರ ಮಾಡಿದವನು ಆರಡಿ ಎತ್ತರದ ಹುಡುಗ. ನಮ್ಮ ಬೋರಲಿಂಗಯ್ಯ ಮೇಷ್ಟ್ರು ಯಾವ ಬಾಗಿಲಿಗೂ ತಲೆ ಬಗ್ಗಿಸಬೇಕಾದವರಲ್ಲ, ನಿಮಗೇ ಗೊತ್ತು. ನಿಮ್ಮ ಪಾತ್ರದವನಂತೂ ಲೇತ್ ಮುಂದೆ ಕೂತು, ಬೊಂಬೆಗೆ ಬಣ್ಣ ಹಚ್ಚುವ ಅರಗಿನ ಕಡ್ಡಿಯನ್ನು ಊದುಬತ್ತಿ ಹಿಡಿದ ಹಾಗೆ ಹಿಡಿಯುತ್ತಾನೆ. ಬೊಂಬೆ ಮಾಡುವವರು ಯಾರಾದರೂ ನೋಡಿದರೆ ಎದ್ದು ಹೋಗಿ ಎರಡು ಬಿಡುತ್ತಾರೆ. ನನ್ನ ಪಾತ್ರದವಳು ಬೆಳ್ಳಗೆ ತೆಳ್ಳಗೆ ಇದ್ದಾಳೆ. ಶೂಟಿಂಗ್ ನೋಡಲು ಬಂದಿದ್ದ ಪಕ್ಕದ ಮನೆ ಗಂಗಲಕ್ಷ್ಮಮ್ಮ ಅವಳನ್ನು ಕಂಡು, "ಅಲ್ಲ ಕಣೆ ಕಾವೇರಿ, ನಿನ್ನ ಯಾವಾಗ ಹಿಂಗೆ ಹಾಲ್ನಾಗೆ ಅದ್ದಿ ತಗ್ದಿದ್ರೇ?" ಅಂದು ಎಲ್ಲರೆದುರಿಗೂ ನನ್ನ ಮಾನ ತೆಗೆದಳು.

ಶೂಟಿಂಗ್ ಆದದ್ದು ನಮ್ಮ ಹುಳುಮನೆಯಲ್ಲೇ. ಅವರಿಗೆ ಗೂಡು ಕಟ್ಟುವ ಹುಳು ಬೇಕಿತ್ತು, ನನ್ನ ತಟ್ಟೆಯಲ್ಲಿದ್ದವು ಪೊರೆ ಬಿಡಲು ಸೊಪ್ಪು ಮುಟ್ಟದೆ ಮಲಗಿದ್ದವು. ಮೂರನೇ ಜ್ವರಕ್ಕೆ ಕೂತಿವೆ ಅಂದೆ. ಅಸಿಸ್ಟೆಂಟ್ ಒಬ್ಬಳು ಗಾಬರಿಯಾಗಿ, "ಅಮ್ಮ, ಜ್ವರಕ್ಕೆ ಏನಾದ್ರೂ ಮಾತ್ರೆ ಹಾಕಿ ನಾಲ್ಕು ಗಂಟೆ ಒಳಗೆ ಗೂಡು ಕಟ್ಟಿಸೋಕಾಗುತ್ತಾ?" ಎಂದಳು. ಊರೆಲ್ಲ ಬಿದ್ದೂ ಬಿದ್ದೂ ನಕ್ಕಿತು.

ಅದೇ ದಿನ ಅವರು ಒಂದು ಪೆಟ್ಟಿಗೆಯಿಂದ ಜೋಡಿ ಗೂಡು ತೆಗೆದು ತೋರಿಸಿದರು. ನೋಡಿದರೆ ಎರಡು ಗೂಡುಗಳನ್ನು ಪಕ್ಕಪಕ್ಕ ಇಟ್ಟು ಗೋಂದು ಹಾಕಿ ಅಂಟಿಸಿದ್ದಾರೆ! ಕೂತಿದ್ದವಳು ಎದ್ದುಬಿಟ್ಟೆ. ಹಿಂದಿನ ಬೆಳೆ ಮಾರುಕಟ್ಟೆಗೆ ಹೋಗುವ ಮುಂಚೆ ಆರಿಸಿ ಪಕ್ಕಕ್ಕೆ ಹಾಕಿದ್ದ ಕಸದ ಗೂಡಿನಲ್ಲಿ ಹುಡುಕಿ ಒಂದನ್ನು ತಂದು ಮೇಡಂ ಕೈಗೆ ಇಟ್ಟೆ. "ಎಲ್ಡು ಗೂಡಲ್ಲ ತಾಯಿ, ಒಂದೇ ಗೂಡು. ಒಳ್ಗೆ ಹುಳ ಎಲ್ಡು" ಎಂದೆ. ಅವರು ಅದನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿ ನೋಡಿದರು, ಕಣ್ಣಲ್ಲಿ ನೀರು ತಂದುಕೊಂಡರು. ಹೊರಗಿನಿಂದ ಬಂದವರಿಗೆ ಆ ಮಾತಿನ ಅರ್ಥ ಬಿಡಿಸಿ ಹೇಳಿದ್ದು ನನ್ನ ಜೀವಮಾನದಲ್ಲಿ ಅದು ಎರಡನೇ ಸಲ.

ಮೊದಲನೇ ಸಲದ್ದು ಸಿನಿಮಾದಲ್ಲಿ ಹೀಗೆ ಬಂದಿದೆ, ಕೇಳಿ. ಎಪ್ಪತ್ತೆಂಟನೇ ಇಸವಿ. ಮೇಷ್ಟ್ರು ಮುನ್ನೂರು ಪ್ರತಿ ಅಚ್ಚು ಹಾಕಿಸಿದ ಪುಸ್ತಕದಲ್ಲಿ 'ಜೋಡಿ ಗೂಡು' ಅನ್ನುವ ಕಥೆ. ಕಥೆಯಲ್ಲಿ ಗಂಡಸು ಹೆಂಗಸು ಯಾರೂ ಇಲ್ಲ, ಎರಡು ಹುಳು ಮಾತ್ರ. ಮೇಷ್ಟ್ರು ಕೆಲಸ ಮಾಡುತ್ತಿದ್ದ ಶಾಲೆಯ ಹೆಡ್ಮಾಸ್ಟರು ಅದು ಅಸಹ್ಯದ ಪುಸ್ತಕ ಎಂದು ದೂರು ಬರೆಯುತ್ತಾನೆ. ವಿಚಾರಣೆಗೆ ಬಂದ ಅಧಿಕಾರಿ ಬಡಗಣ ಸೀಮೆಯವನು, ರೇಷ್ಮೆ ಕಂಡವನಲ್ಲ. ಪುಸ್ತಕ ಎರಡು ಸಲ ಓದಿ, ಇದರಲ್ಲಿ ಅಸಹ್ಯ ಎಲ್ಲಿದೆ, ಹುಳದ ಕಥೆಯಲ್ಲವೇ ಅನ್ನುತ್ತಾನೆ. ಮೇಷ್ಟ್ರ ಮನೆಯವರ ಹೇಳಿಕೆಯೂ ಇರಲಿ ಎಂದು ನಮ್ಮ ಜಗುಲಿಗೆ ಬರುತ್ತಾನೆ. ಮಜ್ಜಿಗೆ ಕುಡಿಯುತ್ತ, "ಏನವ್ವಾ, ಈ ಜೋಡಿ ಗೂಡು ಅಂದ್ರ ಏನು? ನಮ್ಮ ಕಡಿ ರೇಷ್ಮಿ ಇಲ್ಲ ನೋಡು" ಅಂತ ಕೇಳುತ್ತಾನೆ.

ನನ್ನ ಪಾತ್ರದ ಹುಡುಗಿ ನಗುನಗುತ್ತ ಹೇಳುತ್ತಾಳೆ: "ಎಲ್ಡು ಹುಳ ಸೇರ್ಕಂಡು ಒಂದೇ ಗೂಡು ಕಟ್ಕತವೆ ಸಾ. ನೂಲು ಬಿಚ್ಚಕ್ಕೋದ್ರೆ ಒಂದ್ರ ಎಳೆ ಇನ್ನೊಂದ್ರಾಗೆ ಸಿಗಾಕ್ಕಂಡು ಬರಕಿಲ್ಲ. ಅದ್ಕೇ ಆರ್ಸಿ ಬಿಸಾಕ್ತೀವಿ."

"ಮನಷ್ಯಾರೊಳಗೂ ಹಂಗ ಇರ್ತಾರೇನು?" ಅಂತ ಅವನು ಕೇಳುತ್ತಾನೆ.

"ಊ ಮತ್ತೆ! ನಮ್ ಮನೇವ್ರೂ ಬೊಂಬೆ ರಸೂಲಣ್ಣನೂ ಇಲ್ವಾ, ಅಂಗೇಯ" ಎಂದು ಅವಳು ಹೆಮ್ಮೆಯಿಂದ ಹೇಳಿ, ಇನ್ನಷ್ಟು ಮಜ್ಜಿಗೆ ತರಲು ಒಳಗೆ ಓಡುತ್ತಾಳೆ. ಕ್ಯಾಮೆರಾ ಅಧಿಕಾರಿಯ ಮುಖದ ಮೇಲೇ ನಿಲ್ಲುತ್ತದೆ. ಪಕ್ಕದಲ್ಲಿ ಕೂತಿದ್ದ ಮೇಡಂ ನನ್ನ ಕೈ ಹಿಡಿದುಕೊಂಡು, ಪಾಪ, ನಿಮಗೇನು ಗೊತ್ತಿತ್ತು ಅಂದರು.

ಮುಂದಿನದ್ದನ್ನೆಲ್ಲ ಇದ್ದ ಹಾಗೇ ತೋರಿಸಿದ್ದಾರೆ. ಶಾಲೆಯ ಮುಂದೆ ಪುಸ್ತಕಗಳನ್ನು ರಾಶಿ ಹಾಕಿ ಸುಟ್ಟದ್ದು, ಪೊಲೀಸರು ಇಬ್ಬರನ್ನೂ ಕರೆದುಕೊಂಡು ಹೋಗಿ ಮೂರು ದಿನ ಇಟ್ಟುಕೊಂಡದ್ದು, ಮೇಷ್ಟ್ರ ಬಲಗೈ ಬೆರಳುಗಳನ್ನು ಏನು ಮಾಡಿದರು ಅನ್ನುವುದು. ಅದನ್ನು ನಾನು ಕಣ್ಣುಮುಚ್ಚಿಕೊಂಡು ಬರೀ ಕೇಳಿಸಿಕೊಂಡೆ. ಚನ್ನಪಟ್ಟಣದ ನಿಮ್ಮ ಅಂಗಡಿಯಿಂದ ಲೇತ್ ಕಿತ್ತು ಬೀದಿಗೆ ಎಸೆದದ್ದೂ ಇದೆ. ಬಣ್ಣಬಣ್ಣದ ಬೊಂಬೆಗಳು ಚರಂಡಿಯಲ್ಲಿ ತೇಲಿಹೋಗುವುದನ್ನು ಬಹಳ ಹೊತ್ತು ತೋರಿಸುತ್ತಾರೆ. ನಿಮ್ಮನ್ನು ಒಡೆದ ಹಲ್ಲಿನೊಂದಿಗೆ ಮಾಗಡಿ ಬಸ್ಸು ಹತ್ತಿಸಿದ್ದಾರೆ. ಆ ಬಸ್ಸು ಹತ್ತಿದ ಮೇಲೆ ನೀವಿಬ್ಬರೂ ಒಬ್ಬರ ಮುಖ ಒಬ್ಬರು ನೋಡಲೇ ಇಲ್ಲ. ಅಂಥದ್ದಕ್ಕೆ ಇಟ್ಟಿದ್ದ ಕಾನೂನು ಹೋದ ವರ್ಷ ಹೋಯಿತು ಎಂದು ಕೊನೆಯಲ್ಲಿ ಅಕ್ಷರ ಬರುತ್ತದೆ. ಹೋಗಲಿ ಬಿಡಿ, ಬೆರಳು ವಾಪಸ್ಸು ಬರುತ್ತವೆಯೇ?

ಒಂದು ದೃಶ್ಯ ಮಾತ್ರ ಶುದ್ಧ ಸುಳ್ಳು. ಕೆಲಸದಿಂದ ತೆಗೆದುಹಾಕಿದ ಮೇಲೆ ಮೇಷ್ಟ್ರು ನನ್ನ ತಲೆ ಮೇಲೆ ಕೈಯಿಟ್ಟು, ನೀನು ತಿಳಿಯದೆ ಆಡಿದ ಮಾತು ಕಾವೇರಿ, ಅಳಬೇಡ ಅನ್ನುತ್ತಾರೆ. ಅವರು ಹಾಗೆ ಅನ್ನಲಿಲ್ಲ. ಏನನ್ನೂ ಅನ್ನಲಿಲ್ಲ. ಐದು ವರ್ಷ ನಾನು ಬಡಿಸಿದ್ದನ್ನು ಎಡಗೈಯಲ್ಲಿ ಉಂಡರು, ಸೊಪ್ಪು ಕೊಯ್ದರು, ಹುಳುಮನೆ ಗುಡಿಸಿದರು. ಕಾಮಾಲೆ ಬಂದು ಮಲಗಿದಾಗಲೂ ನೀರು ಬೇಕಾದರೆ ಲೋಟ ತೋರಿಸುತ್ತಿದ್ದರು. ಎಂಬತ್ತಮೂರರ ಶ್ರಾವಣದಲ್ಲಿ ಹೋಗಿಬಿಟ್ಟರು. ಈ ದೃಶ್ಯ ಎಲ್ಲಿಂದ ಬಂತು ಅಂತ ಕೇಳಿದ್ದಕ್ಕೆ ಮೇಡಂ, "ಜನಕ್ಕೆ ಒಸಿ ಸಮಾಧಾನ ಬೇಡ್ವಾ ಅಮ್ಮ?" ಅಂದರು. ನಮ್ಮ 'ಒಸಿ'ಯನ್ನು ಚೆನ್ನಾಗಿ ಕಲಿತಿದ್ದಾರೆ.

ಇನ್ನು ನಿಮ್ಮ ಕಾಗದದ ವಿಷಯ. ಅಧಿಕಾರಿಗೆ ಅರ್ಥ ಹೇಳಿದ್ದು ನಾನು ಎಂದು ಮೇಡಂ ಬಾಯಿಂದ ನಿಮಗೆ ಗೊತ್ತಾಯಿತಂತೆ. ಇಷ್ಟು ವರ್ಷ ಹೆಡ್ಮಾಸ್ಟರನ ಕೆಲಸ ಎಂದು ನಂಬಿದ್ದಿರಂತೆ. "ಕಾವೇರಮ್ಮ, ನಿನ್ನ ಮೇಲೆ ನನಗೆ ಒಂದು ಚೂರೂ ಸಿಟ್ಟಿಲ್ಲ. ನೀನು ಆಗ ಹಸುಗೂಸು. ನಮ್ಮ ಸ್ನೇಹ ಕಂಡು ಹೆಮ್ಮೆಯಿಂದ ಆಡಿದ ಮಾತು ಅದು. ನಮ್ಮನ್ನು ಹೆಮ್ಮೆಯಿಂದ ನೋಡಿದ ಒಂದೇ ಒಂದು ಜೀವ ನೀನು" ಎಂದು ಬರೆದಿದ್ದೀರಿ. ಇದನ್ನು ಓದಿದ ದಿನ ನಾನು ಸೊಪ್ಪು ಹಾಕುವುದನ್ನೇ ಮರೆತೆ, ಹುಳು ಮಧ್ಯಾಹ್ನದವರೆಗೂ ಉಪವಾಸ ಬಿದ್ದಿದ್ದವು.

ಮುಂದಿನ ಭಾನುವಾರ, ಇಪ್ಪತ್ತನಾಲ್ಕಕ್ಕೆ, ರಾಮನಗರದಲ್ಲಿ ಮೊದಲ ಪ್ರದರ್ಶನ. ಸಿನಿಮಾ ಮುಗಿದ ಮೇಲೆ ನಮ್ಮಿಬ್ಬರನ್ನೂ ಸ್ಟೇಜಿಗೆ ಹತ್ತಿಸುತ್ತಾರಂತೆ. ನನಗೆ ಶಾಲು ಹೊದಿಸಬೇಕು. ಯಾರ ಕೈಯಿಂದ ಅಂತ ಮೇಡಂ ಯೋಚಿಸುತ್ತಿದ್ದಾಗ, "ನನ್ ತಂಗಿಗೆ ನಾನೇ ಹೊದಿಸ್ತೀನಿ, ಬೇರೆ ಯಾರೂ ಬ್ಯಾಡ" ಅಂದಿರಂತೆ. ವಜೀರಾಳೇ ಹೇಳಿದ್ದು. ನೀವು ಅದಕ್ಕಾಗಿ ಹೊಸ ಜುಬ್ಬಾ ಹೊಲಿಸಿದ್ದೀರಿ ಅಂತಲೂ ಹೇಳಿದಳು.

ನಾನು ಬರುತ್ತೇನೋ ಇಲ್ಲವೋ ಅಂತ ಮೇಡಂ ದಿನಕ್ಕೆರಡು ಸಲ ಫೋನು ಮಾಡುತ್ತಾರೆ. ಬತ್ತೀನಿ ಕಣವ್ವ ಅನ್ನುತ್ತೇನೆ, ಫೋನಿಟ್ಟ ಮೇಲೆ ಗೋಡೆ ನೋಡುತ್ತ ಕೂರುತ್ತೇನೆ. ಆ ಸ್ಟೇಜಿನ ಮೇಲೆ ನಿಮ್ಮ ಮುಂದೆ ನಿಲ್ಲುವುದಕ್ಕೆ ನನಗೆ ಭಯ ರಸೂಲಣ್ಣ.

ಈ ಸಲ ಚಳಿ ಬೇಗ ಬಂದಿದೆ, ಕಿವಿಗೆ ಮಫ್ಲರ್ ಸುತ್ತಿಕೊಳ್ಳಿ. ಕಣ್ಣಿಗೆ ಔಷಧಿ ಬಿಡುವುದನ್ನು ತಪ್ಪಿಸಬೇಡಿ. ವಜೀರಾ ನೂರು ಕಾಲ ತಣ್ಣಗಿರಲಿ, ಅವಳ ಮಕ್ಕಳಿಗೆ ಒಳ್ಳೆಯ ವಿದ್ಯೆ ಬುದ್ಧಿ ಹತ್ತಲಿ. ನೀವು ದೊಡ್ಡವರು, ನಿಮ್ಮನ್ನು ಹರಸುವ ಯೋಗ್ಯತೆ ನನಗಿಲ್ಲ.

ಇಂತಿ,
ಕಾವೇರಮ್ಮ

ವಿ.ಸೂ.: ಕವರು ಅಂಟಿಸಿ ಬಸ್‌ಸ್ಟಾಪಿನವರೆಗೂ ಹೋಗಿದ್ದೆ. ವಾಪಸ್ಸು ಬಂದು, ಬಿಚ್ಚಿ, ಇದನ್ನು ಬರೆಯುತ್ತಿದ್ದೇನೆ.

ನಾನು ತಿಳಿಯದೆ ಹೇಳಲಿಲ್ಲ. ಮೇಡಂಗೆ ಹೇಳಿದ್ದು ಸುಳ್ಳು, ಅವರು ಆ ಸುಳ್ಳನ್ನೇ ಸಿನಿಮಾ ಮಾಡಿದ್ದಾರೆ. ಅಧಿಕಾರಿ ಬರುವುದಕ್ಕೆ ಒಂದು ತಿಂಗಳ ಮುಂಚೆ, ರಜೆಯ ದಿನ ನಿಮ್ಮಲ್ಲಿಗೆ ಹೊರಟ ಮೇಷ್ಟ್ರು ಬುತ್ತಿ ಮರೆತು ಹೋಗಿದ್ದಾರೆ ಎಂದು ತೆಗೆದುಕೊಂಡು ನಿಮ್ಮ ಅಂಗಡಿಗೆ ಬಂದಿದ್ದೆ. ಬಾಗಿಲು ಅರ್ಧ ತೆರೆದಿತ್ತು. ಅರಗು ಕಾದು ನಿಮ್ಮ ಬೆರಳು ಸುಟ್ಟಿತ್ತು ಅಂತ ಕಾಣುತ್ತದೆ, ಮೇಷ್ಟ್ರು ಅದನ್ನು ಎರಡೂ ಕೈಯಲ್ಲಿ ಹಿಡಿದು ಊದುತ್ತಿದ್ದರು. ಅಷ್ಟೇ ನಾನು ನೋಡಿದ್ದು. ಮದುವೆಯಾಗಿ ನಾಲ್ಕು ವರ್ಷ, ಗೂಡು ಬೇಯಿಸುವ ನೀರಿನಲ್ಲಿ ನನ್ನ ಕೈ ಎಷ್ಟು ಸಲ ಬೆಂದಿತ್ತೋ, ಅವರು ಒಂದು ಸಲವೂ ಊದಿರಲಿಲ್ಲ. ಬುತ್ತಿಯನ್ನು ಹೊಸಲಿನ ಹತ್ತಿರ ಕೂಡ ಇಡದೆ ವಾಪಸ್ಸು ಬಂದೆ. ಅವತ್ತಿನಿಂದ ನನಗೆ ಊಟ ಸೇರುತ್ತಿರಲಿಲ್ಲ.

ಅಧಿಕಾರಿ ಒಳ್ಳೆಯ ಮನುಷ್ಯ. ದೂರಿನಲ್ಲಿ ಹುರುಳಿಲ್ಲ ಎಂದು ಅದಾಗಲೇ ಬರೆದಾಗಿತ್ತು. ಮಜ್ಜಿಗೆ ಕುಡಿದು, ಪೆನ್ನು ಜೇಬಿಗೆ ಸಿಕ್ಕಿಸಿಕೊಂಡು, ಬರ್ತೀನವ್ವಾ ಎಂದು ಎದ್ದಿದ್ದ. ಜೋಡಿ ಗೂಡು ಅಂದರೇನು ಅಂತ ಅವನು ಕೇಳಲಿಲ್ಲ. ನಾನೇ ಕರೆದು ಕೂರಿಸಿ ಹೇಳಿದೆ. ಮನುಷ್ಯರಲ್ಲಿ ಯಾರು ಹಾಗಿದ್ದಾರೆ ಅಂತಲೂ ಕೇಳಲಿಲ್ಲ, ನಿಮ್ಮ ಹೆಸರನ್ನು ನಾನೇ ಹೇಳಿದೆ. ಅವನು ಪೆನ್ನು ಹೊರಗೆ ತೆಗೆದ ಮೇಲೆ ಅಂಗಡಿ ಯಾವ ಬೀದಿಯಲ್ಲಿದೆ, ಎಷ್ಟನೇ ಬಾಗಿಲು ಅಂತ ನಿಧಾನವಾಗಿ ಬರೆಸಿದೆ. ಅವನು ಹೊರಟ ಮೇಲೆ ಒಳಗೆ ಹೋಗಿ, ತಟ್ಟೆ ಹಾಕಿಕೊಂಡು, ಹೊಟ್ಟೆ ತುಂಬ ಉಂಡೆ.