ಚಲುವಯ್ಯ ಮಾವನ ಕೇಸು

ಅಪ್ಪ,

ನಮ್ಮ ಹೊಲ ಉಳಿಯಿತು. ಹಂಪಾಪುರದ ಜಮೀನುಗಳನ್ನು ಕಾರ್ಖಾನೆಗೆಂದು ವಶಪಡಿಸಿಕೊಳ್ಳುವ ಸರ್ಕಾರದ ಆದೇಶವನ್ನು ಹೈಕೋರ್ಟು ಹೋದ ವಾರ ರದ್ದು ಮಾಡಿತು. ಆದರೆ ಆ ತೀರ್ಪು ಬಂದಿದ್ದು ಚಲುವಯ್ಯ ಮಾವನ ಅರ್ಜಿಯ ಮೇಲೆ.

ನಿನ್ನ ಅರ್ಜಿ ಇವತ್ತು ವಿಚಾರಣೆಗೆ ಬಂತು. ನೀನು ಹೋದ ಮೇಲೆ ಅದನ್ನು ನಡೆಸುತ್ತಿದ್ದವಳು ನಾನೇ. ಕೋರ್ಟಿನ ಕಲಾಪವನ್ನು ಮೊಬೈಲಿನಲ್ಲಿ ನೋಡುತ್ತಾ ಕೂತಿದ್ದೆ. ಆದೇಶವೇ ಇಲ್ಲವಾದ ಮೇಲೆ ಇದರಲ್ಲಿ ತೀರ್ಮಾನಿಸಲು ಏನೂ ಉಳಿದಿಲ್ಲ ಎಂದು ನ್ಯಾಯಾಧೀಶರು ಮುಗಿಸಿಬಿಟ್ಟರು.

ಮೊದಲು ಕೋರ್ಟಿಗೆ ಹೋದವನು ನೀನು. "ನಮ್ಗ್ಯಾಕಪ್ಪ ಕೋರ್ಟು ಕಚೇರಿ" ಎನ್ನುತ್ತಿದ್ದ ಮಾವನನ್ನು ಬಸ್ಸು ಹತ್ತಿಸಿ ವಕೀಲರ ಹತ್ತಿರ ಕರೆದೊಯ್ದವನೂ ನೀನೇ.

ಸಂಜೆ ಹಾಲು ಹಾಕಲು ಹೋದರೆ, ಡೇರಿಯ ಮುಂದೆ ಮಾವನಿಗೆ ಹಾರ ಹಾಕಿ ಸಿಹಿ ತಿನ್ನಿಸುತ್ತಿದ್ದರು.

"ಚಲುವಣ್ಣ ಊರ್ ಉಳಿಸ್ಬುಟ್ಟ ಕಣ್ರಲಾ" ಎಂದು ಯಾರೋ ಹೇಳಿದರು.

ಮಾವ ನನ್ನನ್ನು ನೋಡಿದವನೇ ಹಾರ ತೆಗೆದ. "ಇದು ನಿಮ್ಮಪ್ಪ ದೇವಣ್ಣಂಗೆ ಸೇರ್ಬೇಕಾದ್ದು ಕಣವ್ವ. ಫೋಟೋಗೆ ಆಕು" ಎಂದ.

"ಇರ್ಲಿ ಬುಡು ಮಾವ" ಎಂದೆ. ಕೈ ಚಾಚಲಿಲ್ಲ.

ಅಷ್ಟರಲ್ಲಿ ಅವನ ಮಗಳು ರಮ್ಯಶ್ರೀ ಬಂದಳು. "ಶುಗರ್ ಇಟ್ಕಂಡು ಮೈಸೂರ್‌ಪಾಕ್ ತಿಂತಿದ್ದೀಯಾ? ನಡಿಯಪ್ಪ ಮನೆಗೆ" ಎಂದು ಎಲ್ಲರ ಮುಂದೆ ಗದರಿದಳು. ಮಾವ ತುಟಿ ಒರೆಸಿಕೊಂಡು ಅವಳ ಹಿಂದೆ ಹೊರಟ.

ಕೇಸು ಅವನ ಹೆಸರಲ್ಲೇ ಇರಲಿ, ಹಾರವೂ ಅವನಿಗೇ ಇರಲಿ. ಅವಳು ಹಾಗೆ ತನ್ನಪ್ಪನನ್ನು ಗದರಿ ಮನೆಗೆ ಕರೆದೊಯ್ದದ್ದನ್ನು ಮಾತ್ರ ನನಗೆ ನೋಡಲಾಗಲಿಲ್ಲ, ಅಪ್ಪ.

ಸುಕನ್ಯ