ನಗಿಸುವವನ ಸರದಿ

ಕೊಪ್ಪಳ, ೩೦ ಫೆಬ್ರುವರಿ ೨೨೧೪

ಹಿಂದಿನ ಕಾಲದವರಿಗೆ ನಮಸ್ಕಾರ. ನಮ್ಮ ಪಂಚಾಂಗದಲ್ಲಿ ಫೆಬ್ರುವರಿಗೆ ಮೂವತ್ತು ದಿನ. ನನ್ನ ಕೆಲವು ಮಾತುಗಳೂ ನಿಮಗೆ ಹೀಗೇ ವಿಚಿತ್ರ ಎನಿಸಬಹುದು, ಮನ್ನಿಸಿ.

ನನ್ನ ತಮ್ಮ ಸಂಗನಬಸುವಿಗೆ ಮೂವತ್ತೊಂದನೆಯ ವಯಸ್ಸಿಗೆ ಬೂದಿಯುಸಿರು ತಗುಲಿತು. ಗಾಳಿಯ ಸಣ್ಣ ಧೂಳು ಎದೆಯೊಳಗೆ ಗಟ್ಟಿಯಾಗುತ್ತ ಹೋಗುವ ಕಾಯಿಲೆಗೆ ನಾವಿಟ್ಟ ಹೆಸರು ಅದು. ಆಸ್ಪತ್ರೆಯಲ್ಲಿ ನಲವತ್ತು ಹಾಸಿಗೆ, ತಿಳಿಕೋಣೆ ಒಂದೇ. ಸೋಸಿದ ಗಾಳಿಯ ಆ ಕೋಣೆಯಲ್ಲಿ ತಿಂಗಳೊಪ್ಪತ್ತು ಇದ್ದವರು ಬಹುಪಾಲು ಬದುಕುತ್ತಿದ್ದರು. ಹೆಚ್ಚು ನರಳುವವರಿಗೆ ಮೊದಲ ಸರದಿ.

ಅವನು ಕ್ಷೌರದ ಅಂಗಡಿಯವನು. ಗಿರಾಕಿಗಳನ್ನು ನಗಿಸಿ ರೂಢಿ. ವಾರ್ಡಿನಲ್ಲೂ ಕತ್ತಿ ಬಿಡಲಿಲ್ಲ, ಮಾತೂ ಬಿಡಲಿಲ್ಲ. ಗಂಜಿ ತಂದವಳಿಗೆ, "ತಂಗೆವ್ವ, ಇದನ್ನ ಕುಡೀಬೇಕೋ, ಗ್ವಾಡಿಗೆ ಬಳೀಬೇಕೋ?" ಎನ್ನುವನು. ಉಸಿರಿಗೆ ಒದ್ದಾಡುವವರೂ ನಗುವರು. ಡಾಕ್ಟರು ಹೇಗಿದ್ದೀ ಎಂದು ಕೇಳಿದರೆ, "ನಾ ಆರಾಮ ಅದೀನ್ರೀ. ನೀವ ಸೊರಗೀರಿ. ಬರ್ರಿ, ಮಲಗ್ರಿ, ನಾ ನಾಡಿ ನೋಡ್ತೀನಿ" ಎನ್ನುವನು. ಅವರು ನಕ್ಕು ಮುಂದಿನ ಹಾಸಿಗೆಗೆ ಹೋಗುವರು. ಪಟ್ಟಿಯಲ್ಲಿ ಅವನ ಹೆಸರು ಕೆಳಗೇ ಉಳಿಯುತ್ತಿತ್ತು. ಇಷ್ಟು ನಗುವವನು ಸಾಯುವುದಿಲ್ಲವೆಂದು ನಾನೂ ನಂಬಿದ್ದೆ.

ಒಂದು ಮಧ್ಯಾಹ್ನ ಪಕ್ಕದ ಹಾಸಿಗೆಯ ಮುದುಕ ಹುಸೇನಸಾಬರ ಗಡ್ಡ ಹೆರೆಯುತ್ತಿದ್ದವನು ಅರ್ಧ ಮುಖಕ್ಕೇ ನಿಲ್ಲಿಸಿ, ಕತ್ತಿ ಕೆಳಗಿಟ್ಟು ಕುಳಿತುಬಿಟ್ಟ. ಇದೂ ಒಂದು ಚೇಷ್ಟೆಯೆಂದು ವಾರ್ಡೆಲ್ಲ ನಕ್ಕಿತು. ಅರ್ಧ ಗಡ್ಡದ ಮುದುಕರೂ ನಕ್ಕರು. ಅವನ ಆರೈಕೆಗಿದ್ದ ನಾನು ಹತ್ತಿರ ಹೋದೆ. ಅವನ ತುಟಿ ನೀಲಿಯಾಗಿತ್ತು.

"ಕೈ ಏಳವಲ್ದಕ್ಕಾ. ಉಸಿರು ಸಿಕ್ಕೊಳ್ಳಾಕ ಹತ್ತಿ ಎಂಟು ದಿನಾತು."

"ಯಾಕ ಹೇಳಲಿಲ್ಲೋ?"

"ನಗಸೂ ಮುಂದ ಅಂಜಿಕಿ ಮರೀತಿತ್ತು. ಹೇಳಿದ್ರ ಖರೇ ಆಗ್ತದ ಅನಿಸ್ತು."

ಡಾಕ್ಟರು ಓಡಿ ಬಂದು ಪರೀಕ್ಷಿಸಿದರು. ಪಟ್ಟಿ ತರಿಸಿ ತಾವೇ ತಿದ್ದಿದರು. ಸರದಿಯಲ್ಲಿ ಅವನ ಹೆಸರು ಮೊದಲಾಯಿತು. ಆದರೆ ತಿಳಿಕೋಣೆಯಲ್ಲಿದ್ದ ಬಾಣಂತಿ ಹೊರಬರಲು ಇನ್ನೂ ಒಂಬತ್ತು ದಿನವಿತ್ತು. ಅವಳನ್ನು ಎಬ್ಬಿಸಿ ಕಳಿಸಿರೆಂದು ಕೇಳಲು ನನಗೆ ಬಾಯಿ ಬರಲಿಲ್ಲ. ಅವನು ಆರನೆಯ ದಿನ ತೀರಿಕೊಂಡ. ಅಷ್ಟೂ ದಿನ ವಾರ್ಡನ್ನು ನಗಿಸಿದ. ನಡುವೆ ನನ್ನ ಕೈ ಹಿಡಿದು, ಹೆದರಿಕೆಯಾಗುತ್ತದೆಂದು ಅತ್ತ. ಅತ್ತ ಮೇಲೆ ಅವನಿಗೆ ಒಂದಿಷ್ಟು ನಿದ್ದೆ ಬರುತ್ತಿತ್ತು.

ಅವನ ನಗೆಯ ಮೇಲೆ ನನಗೆ ಸಿಟ್ಟಿಲ್ಲ. ಅದಿಲ್ಲದೆ ಅಲ್ಲಿ ಒಂದು ಹಗಲೂ ಸರಿಯುತ್ತಿರಲಿಲ್ಲ. ನಿಮ್ಮ ಕಾಲದಲ್ಲೂ ಕಾಯಿಲೆ ಬಿದ್ದು ನಗಿಸುವವರು ಇರುತ್ತಾರೆ. ಅವರೊಡನೆ ಮನಸಾರೆ ನಗಿ. ನಕ್ಕಾದ ಮೇಲೆ ಎದ್ದು ಹೋಗಬೇಡಿ. ನಾನು ಎಷ್ಟೋ ಸಲ ಎದ್ದು ಹೋದೆ.

ನೀಲಗಂಗವ್ವ ಹಡಪದ